ಡಬ್ಬಿಗೆ ಬಿದ್ದ ಹದಿಮೂರನೆಯ ಕಂತು

'ಮೇಷ್ಟ್ರು ವಾಪಸು ಬರಲಿ' ಎಂದು ಡೈರಿಯಲ್ಲಿ ಬರೆದು, ಶಾಯಿ ಆರುವ ಮುನ್ನ ಇನ್ನೊಮ್ಮೆ ಓದಿದಾಗ ಅವಳ ಎದೆ ಧಸಕ್ಕೆಂದಿತು. ಮೊದಲ ನಾಲ್ಕು ದಿನ 'ಇವತ್ತೇ ಬರಲಿ' ಎಂದು ಬರೆದಿದ್ದಳು. ಆಮೇಲೆ ನಾಲ್ಕು ದಿನ 'ಬೇಗ ಬರಲಿ'. ಈಗ ಬರೀ 'ಬರಲಿ'. ಆ ಅವಸರ ಎಲ್ಲಿ, ಯಾವಾಗ ಉದುರಿಹೋಯಿತೋ ಅವಳಿಗೇ ತಿಳಿಯಲಿಲ್ಲ.

ಅದರ ಕೆಳಗೆ, ಕೋಣೆಯಲ್ಲಿ ತಾನೊಬ್ಬಳೇ ಇದ್ದರೂ ಎಡಗೈ ಅಡ್ಡ ಇಟ್ಟುಕೊಂಡು, ಇರುವೆ ಸಾಲಿನಂಥ ಅಕ್ಷರದಲ್ಲಿ ಸೇರಿಸಿದಳು: 'ಅವರು ಬಂದುಬಿಟ್ಟರೆ ನಾನು ಬರೆಯುವುದನ್ನು ನಿಲ್ಲಿಸಬೇಕಾಗುತ್ತದೆ ಎಂಬ ಹೆದರಿಕೆಯೇ ನನಗೆ?'

ಉತ್ತರ ಬರೆಯಲಿಲ್ಲ. ಮರದ ಮೆಟ್ಟಿಲ ಮೇಲೆ ಯಾರೋ ನಿಧಾನವಾಗಿ ಹತ್ತಿ ಬರುತ್ತಿದ್ದರು. ಅವಳು ಡೈರಿಯನ್ನು ನಿಘಂಟಿನ ಕೆಳಗೆ ತಳ್ಳಿದಳು.

ಮೇಷ್ಟ್ರು ತಮ್ಮ ಈ ಬರೆಯುವ ಕೋಣೆಯಿಂದ ಸಂಜೆಯ ತಿರುಗಾಟಕ್ಕೆಂದು ಇದೇ ಮೆಟ್ಟಿಲಿಳಿದು ಹೋಗಿ ಇವತ್ತಿಗೆ ಹದಿಮೂರು ದಿನ. ಮೂವತ್ತೊಂದು ಸಿನಿಮಾ, ಒಂದೇ ಧಾರಾವಾಹಿಯ ಸಾವಿರದ ನಾನೂರು ಕಂತು ಬರೆದ ಮನುಷ್ಯ ಕೊನೆಯದಾಗಿ ಆಡಿದ್ದು ಒಂದೇ ಮಾತು: "ನಾಳಿನ ಕಂತಿಗೆ ನೀನೇ ಒಂದು ಶುರು ಹಾಕಿರು. ಬಂದು ನೋಡ್ತೀನಿ."

ಮೂರು ವರ್ಷದಿಂದ ಅವರ ಕಂತುಗಳನ್ನು ಟೈಪ್ ಮಾಡಿಕೊಡುತ್ತಿದ್ದ ಅವಳು ಶುರು ಹಾಕಿದಳು. ಅವರು ಬರಲಿಲ್ಲ. ಮರುದಿನದ ಶೂಟಿಂಗಿಗೆ ಇಪ್ಪತ್ತು ಜನ ಬಣ್ಣ ಹಚ್ಚಿಕೊಂಡು ಕಾಯುತ್ತಾರಲ್ಲ ಎಂಬ ಗಾಬರಿಯಲ್ಲಿ ಅದನ್ನು ಮುಗಿಸಿಯೂ ಬಿಟ್ಟಳು. ಆಮೇಲೆ ಇನ್ನೊಂದು. ಆಮೇಲೆ ಮತ್ತೊಂದು. ಹೀಗೆ ಹನ್ನೆರಡು.

ಈ ಸಂಗತಿ ಅವಳಿಗೆ ಗೊತ್ತು, ಡೈರಿಗೆ ಗೊತ್ತು. ಬೇರೆ ಯಾರಿಗೂ ಗೊತ್ತಿಲ್ಲ.

ಗೊತ್ತಾಗದೆ ಉಳಿದದ್ದಕ್ಕೆ ಕಾರಣ ಬಾಗಿಲ ಹೊರಗೆ ನೇತಾಡುತ್ತಿದ್ದ ತಗಡಿನ ಡಬ್ಬಿ. ಸಿನಿಮಾದ ದಿನಗಳಲ್ಲಿ ನಿರ್ಮಾಪಕರು ಮೇಷ್ಟ್ರ ತಲೆಯ ಮೇಲೆಯೇ ಕೂತು ಒಂದೊಂದೇ ಹಾಳೆ ಕಿತ್ತುಕೊಂಡು ಹೋಗುತ್ತಿದ್ದರಂತೆ. ಬೇಸತ್ತ ಮೇಷ್ಟ್ರು ಒಂದು ದಿನ ಬಾಗಿಲಿಗೆ ಈ ಡಬ್ಬಿ ಹೊಡೆಸಿದರು. ಮೇಲೆ ಹಾಳೆ ತೂರಿಸುವಷ್ಟು ಸಂದು, ಕೆಳಗೆ ಬೀಗ. ಬೀಗದ ಕೈ ಯೂನಿಟ್ಟಿನ ಮ್ಯಾನೇಜರ ಹತ್ತಿರ. ಬರೆದವನು ಹಾಕಿ ಹೋಗುತ್ತಾನೆ, ಬೇಕಾದವನು ಬೆಳಿಗ್ಗೆ ಬಂದು ತೆಗೆದುಕೊಳ್ಳುತ್ತಾನೆ. ಮುಖ ನೋಡುವಂತಿಲ್ಲ, ಪ್ರಶ್ನೆ ಕೇಳುವಂತಿಲ್ಲ.

ಹಾಗಾಗಿ ಎಲ್ಲರೂ ನಂಬಿದ್ದು ಒಂದೇ: ಮೇಷ್ಟ್ರು ಯಾರ ಮೇಲೋ ಮುನಿಸಿಕೊಂಡು ಎಲ್ಲೋ ಕೂತಿದ್ದಾರೆ, ಬೆಳಕು ಹರಿಯುವ ಮುನ್ನ ಬಂದು ಡಬ್ಬಿಗೆ ಕಂತು ಹಾಕಿ ಹೋಗುತ್ತಾರೆ.

"ಒಳಗೆ ಬರಬಹುದೇನಮ್ಮಾ?"

ಬಂದವರು ವಿಮೆಯವರು. ಇಪ್ಪತ್ತೊಂಬತ್ತು ವರ್ಷ ವಿಮಾ ಕಂಪನಿಯೊಂದರಲ್ಲಿ ಸುಳ್ಳು ಬೇಡಿಕೆಗಳನ್ನು ಪತ್ತೆ ಹಚ್ಚುವ ಕೆಲಸ ಮಾಡಿ ನಿವೃತ್ತರಾದವರು. ಮೇಷ್ಟ್ರ ಅಕ್ಕ ಎಲ್ಲಿಂದಲೋ ಅವರನ್ನು ಹುಡುಕಿ ತಂದಿದ್ದರು. ಪತ್ತೇದಾರ ಎಂದರೆ ಅವಳು ಅಂದುಕೊಂಡಿದ್ದ ಯಾವುದೂ ಅವರಲ್ಲಿರಲಿಲ್ಲ. ಬಟ್ಟೆಯ ಕೈಚೀಲ, ಇಸ್ತ್ರಿ ತಪ್ಪಿದ ಅಂಗಿ, ಹೆಣ್ಣು ನೋಡಲು ಬಂದ ಮನೆಯಲ್ಲಿ ಕೂತಂಥ ಸಂಕೋಚ.

"ಕೂತ್ಕೊಳ್ಳಿ ಸರ್."

ಕೂರಲಿಲ್ಲ. ಗೋಡೆಯ ತುಂಬ ಅಂಟಿಸಿದ್ದ ಹಳೆಯ ಪೋಸ್ಟರುಗಳನ್ನು ಬಸ್ಸಿನ ವೇಳಾಪಟ್ಟಿ ಓದುವವರ ಹಾಗೆ ಬೆರಳಿಟ್ಟು ಓದತೊಡಗಿದರು. ಕೆಳಗಿನ ಬೈಂಡಿಂಗ್ ಅಂಗಡಿಯಿಂದ ಅಂಟಿನ ಹುಳಿ ವಾಸನೆ ಏರಿ ಬರುತ್ತಿತ್ತು. ಕತ್ತರಿಸುವ ಯಂತ್ರ ಆಗಾಗ ಧಡ್ ಎನ್ನುವಾಗ ಮೇಜಿನ ಮೇಲಿನ ಪೆನ್ನುಗಳು ಒಂದಿಷ್ಟು ಜರುಗುತ್ತಿದ್ದವು.

ಗೋಡೆಯ ಗಡಿಯಾರ ಒಂಬತ್ತು ತೋರಿಸುತ್ತಿತ್ತು. ಮ್ಯಾನೇಜರು ಒಂಬತ್ತೂವರೆಗೆ ಬಂದು ಡಬ್ಬಿ ತೆರೆಯುತ್ತಾರೆ. ಇವತ್ತು ಡಬ್ಬಿ ಖಾಲಿ. ನಿನ್ನೆ ಸಂಜೆ ಅವಳು ಏನನ್ನೂ ಹಾಕಿರಲಿಲ್ಲ.

ನಿನ್ನೆ ಮಧ್ಯಾಹ್ನ ಮೇಷ್ಟ್ರ ಅಕ್ಕ ಪೊಲೀಸ್ ಸ್ಟೇಷನ್ನಿನಿಂದ ನೇರ ಇಲ್ಲಿಗೇ ಬಂದಿದ್ದರು. ಎಲ್ಲರೂ ಅವರನ್ನು ಅಕ್ಕಯ್ಯ ಎನ್ನುತ್ತಿದ್ದರು. ಚಪ್ಪಲಿಯನ್ನೂ ಬಿಡದೆ ಕುರ್ಚಿಯಲ್ಲಿ ಕುಸಿದು, "ದಿನಾ ತಪ್ಪದೆ ಸೀನ್ ಬರೆದು ಕಳಿಸ್ತಿರೋ ಮನುಷ್ಯ ಕಾಣೆಯಾಗಿದ್ದಾನೆ ಅಂದ್ರೆ ಹೇಗಮ್ಮ, ಕಾಣೆಯಾದವರು ಕೆಲಸ ಮಾಡ್ತಾರಾ ಅಂತ ನಗ್ತಾರೆ ಕಣೇ ಪುಟ್ಟಿ. ದೂರೇ ಬರ್ಕೊಳ್ಳಲಿಲ್ಲ. ಅವನ ಸಕ್ಕರೆ ಮಾತ್ರೆ, ಬಿಪಿ ಮಾತ್ರೆ ಎಲ್ಲಾ ಮನೇಲೇ ಇವೆ. ಇಟ್ಟಲ್ಲೇ ಇವೆ," ಎಂದಿದ್ದರು.

ಅವಳು ನೀರು ತಂದುಕೊಟ್ಟಿದ್ದಳು. ಅಷ್ಟೇ ಮಾಡಿದ್ದಳು. ಅಕ್ಕಯ್ಯ ಹೋದ ಮೇಲೆ ಸಂಜೆಯವರೆಗೂ ಕಂಪ್ಯೂಟರಿನ ಮುಂದೆ ಕೂತರೂ ಒಂದು ಸಾಲು ಬರಲಿಲ್ಲ. ತಾನು ಬರೆಯುವ ಒಂದೊಂದು ಕಂತೂ ಮೇಷ್ಟ್ರನ್ನು ಹುಡುಕುವವರ ದಾರಿಗೆ ಅಡ್ಡ ಹಾಕಿದ ಒಂದೊಂದು ಕಲ್ಲು ಎಂಬುದು ಆವತ್ತು, ಹನ್ನೆರಡು ಕಲ್ಲು ಇಟ್ಟಾದ ಮೇಲೆ, ಅವಳಿಗೆ ಹೊಳೆದಿತ್ತು.

"ಅಲ್ಲಮ್ಮಾ," ಎಂದರು ವಿಮೆಯವರು. ಕಪಾಟಿನ ಎದುರು ತಲೆ ವಾರೆ ಮಾಡಿಕೊಂಡು ನಿಂತಿದ್ದರು. ಮೇಷ್ಟ್ರ ಸಿನಿಮಾಗಳ ಚಿತ್ರಕಥೆಗಳೆಲ್ಲ ಕೆಂಪು ರಟ್ಟು ಹಾಕಿಸಿಕೊಂಡು ಸಾಲಾಗಿ ನಿಂತಿದ್ದವು. "ಮೂವತ್ತೊಂದೂ ಅವರದೇ ಅಂದ್ರಲ್ಲ ಅಕ್ಕಯ್ಯ, ಮೊದಲ ಏಳರ ಬೆನ್ನ ಮೇಲೆ ಬೇರೆ ಯಾರದೋ ಹೆಸರಿದೆ."

"ಅದು... ಅವರು ಮೊದಲು ಇನ್ನೊಬ್ಬರ ಹತ್ತಿರ ಇದ್ದರು ಸರ್."

"ಹತ್ತಿರ ಅಂದ್ರೆ?"

ತನ್ನ ಬಗ್ಗೆ ಕೇಳಿದರೆ ಅವಳ ನಾಲಿಗೆ ಹೊರಳುತ್ತಿರಲಿಲ್ಲ. ಮೇಷ್ಟ್ರ ಬಗ್ಗೆ ಕೇಳಿದರೆ ಮಾತ್ರ ಮಾತು ತಾನಾಗಿ ಬರುತ್ತಿತ್ತು. ಮಾತಿನ ಮಧ್ಯೆ ನಿಂತು ನಿಂತು ಹೋಗುತ್ತಾಳೆಂದು ಮೇಷ್ಟ್ರು ಅವಳಿಗೆ 'ಅಲ್ಪವಿರಾಮ' ಎಂದು ಹೆಸರಿಟ್ಟಿದ್ದರು. ಇವತ್ತು ಆ ಹೆಸರಿಗೆ ಕಳಂಕ ಬರುವ ಹಾಗೆ ಒಂದೇ ಉಸಿರಿನಲ್ಲಿ ಹೇಳಿದಳು.

ಮೇಷ್ಟ್ರು ಹತ್ತೊಂಬತ್ತನೆಯ ವಯಸ್ಸಿಗೆ ಚಿತ್ರಮಂದಿರದ ಬಾಗಿಲಲ್ಲಿ ಟಿಕೇಟು ಹರಿಯುತ್ತಿದ್ದರು. ಆಟ ಶುರುವಾದ ಮೇಲೆ ಪರದೆಗೆ ಬೆನ್ನು ಮಾಡಿ ನಿಂತು ಜನರನ್ನು ನೋಡುತ್ತಿದ್ದರು. ಯಾವ ಮಾತಿಗೆ ಜನ ಕೆಮ್ಮುತ್ತಾರೆ ಎಂದು ಹರಿದ ಟಿಕೇಟಿನ ಹಿಂದೆ ಗುರುತು ಹಾಕಿಕೊಳ್ಳುತ್ತಿದ್ದರು. ಕೆಮ್ಮಿದರೆ ಮಾತು ಸತ್ತಿದೆ ಎಂದೇ ಅರ್ಥ. ಮೂರು ವರ್ಷದ ಕೆಮ್ಮಿನ ಪಟ್ಟಿ ಹಿಡಿದುಕೊಂಡು ಆ ಕಾಲದ ದೊಡ್ಡ ಚಿತ್ರಸಾಹಿತಿಯೊಬ್ಬರ ಮನೆಗೆ ಹೋದರು. ಅವರು ಪಟ್ಟಿ ಓದಿ, ನಗದೆ, ಒಳಗೆ ಕರೆದು ಕೂರಿಸಿದರು. ಮುಂದೆ ಏಳು ಸಿನಿಮಾಗಳ ಮಾತು ಬರೆದದ್ದು ಮೇಷ್ಟ್ರು. ಪೋಸ್ಟರಿನ ಮೇಲೆ ಬಂದದ್ದು ಆ ದೊಡ್ಡವರ ಹೆಸರು.

"ಆ ದೊಡ್ಡವರಿಗೆ ಬಹುಮಾನ ಬಂದಾಗ ಮೇಷ್ಟ್ರು ಕೊನೇ ಸಾಲಲ್ಲಿ ಕೂತು ಚಪ್ಪಾಳೆ ತಟ್ಟಿದ್ರಂತೆ. ಹೊಟ್ಟೆ ಉರೀಲಿಲ್ವಾ ಅಂತ ನಾನೊಮ್ಮೆ ಕೇಳಿದೆ. ಉರಿಯೋಕೆ ಹೊಟ್ಟೇಲಿ ಏನಾದ್ರೂ ಇರಬೇಕಲ್ಲ ಅಂದ್ರು."

ವಿಮೆಯವರು ನಕ್ಕರು. ನಗು ಮುಗಿದ ಮೇಲೂ ಅವಳ ಮುಖದಿಂದ ಕಣ್ಣು ತೆಗೆಯಲಿಲ್ಲ.

"ಹಾಗಾದ್ರೆ ಬರೆಯೋನು ಒಬ್ಬ, ಹೆಸರು ಇನ್ನೊಬ್ಬಂದು. ಈ ಕಸುಬಿನಲ್ಲಿ ಅದು ನಡೀತದೆ ಅಂತಾಯ್ತು."

ಅವಳು ಮೇಜಿನ ಮೇಲಿನ ಪೆನ್ನುಗಳನ್ನು ಸಾಲಾಗಿ ಜೋಡಿಸಿದಳು.

"ಸಿನಿಮಾ ಬಿಟ್ಟು ಟೀವಿಗೆ ಯಾಕೆ ಬಂದ್ರು?"

"ಸಿನಿಮಾದೋರು ಮಾತು ಕಮ್ಮಿ ಮಾಡಿ ಅಂತ ಶುರು ಮಾಡಿದ್ರಂತೆ ಸರ್. ಟೀವಿಗೆ ಮಾತು ಬೇಕು. ಆದ್ರೆ ಬೇರೆ ಥರ. ಸಿನಿಮಾನ ಜನ ಕತ್ತಲಲ್ಲಿ ಕೂತು ಕೇಳ್ತಾರೆ, ಟೀವೀನ ಪಾತ್ರೆ ತೊಳೀತಾ ಕೇಳ್ತಾರೆ ಅಂತಿದ್ರು. ಅದಕ್ಕೇ ಇಲ್ಲಿ ಮಾತು ಸಾಲಲ್ಲಿ ನಿಲ್ಲಬಾರದು, ಒಬ್ಬರ ಬಾಯಿಂದ ಇನ್ನೊಬ್ಬರು ಕಿತ್ಕೋಬೇಕು, ಆಗ್ಲೇ ಅಡುಗೆಮನೇಲಿರೋರು ತಿರುಗಿ ನೋಡೋದು ಅಂತ."

ಹೇಳಿ ಮುಗಿಸಿದ ಮೇಲೆ ಅವಳಿಗೆ ಅರಿವಾಯಿತು, ಇದು ಹೇಳಬಾರದ ಮಾತು ಎಂದು. ಆದರೆ ವಿಮೆಯವರು ಅಷ್ಟರಲ್ಲಿ ಕೈಚೀಲ ತೆರೆದು ಎರಡು ಕಟ್ಟು ಹಾಳೆಗಳನ್ನು ಮೇಜಿನ ಮೇಲೆ ಇಟ್ಟಾಗಿತ್ತು. ಒಂದಕ್ಕೆ ನೀಲಿ ದಾರ, ಇನ್ನೊಂದಕ್ಕೆ ಬಿಳಿ.

"ನೋಡಮ್ಮಾ, ನಾನು ಓದಿದ್ದು ಕಮ್ಮಿ. ಕಥೆ ಗಿಥೆ ಅರ್ಥ ಆಗಲ್ಲ. ನನ್ನ ಕೆಲಸ ತಪ್ಪು ಹುಡುಕೋದೂ ಅಲ್ಲ. ಹತ್ತರಲ್ಲಿ ಒಗ್ಗದೇ ಇರೋ ಒಂದು ಯಾವುದು ಅಂತ ನೋಡೋದು." ನೀಲಿ ದಾರದ ಕಟ್ಟನ್ನು ತಟ್ಟಿದರು. "ಇದು ಮೇಷ್ಟ್ರು ಹೋಗೋದಕ್ಕೆ ಮುಂಚಿನ ಹನ್ನೆರಡು ಕಂತು. ಬಿಳೀದು ಹೋದ ಮೇಲಿಂದು. ಎರಡೂ ಕಂಪ್ಯೂಟರಲ್ಲೇ ಅಚ್ಚಾಗಿವೆ, ಅಕ್ಷರದಿಂದ ಏನೂ ತಿಳಿಯಲ್ಲ. ಅದಕ್ಕೆ ಎಣಿಸಿದೆ."

"ಏನನ್ನ ಸರ್?"

"ನೀನೇ ಈಗ ಹೇಳಿದ್ದನ್ನ. ಮಾತು ಕಿತ್ಕೊಳ್ಳೋದನ್ನ. ಒಬ್ಬರ ಮಾತು ಮುಗಿಯೋ ಮುಂಚೆ ಇನ್ನೊಬ್ಬರು ಬಾಯಿ ಹಾಕಿದ ಕಡೆ ಒಂದು ಉದ್ದ ಗೀಟು ಇರುತ್ತಲ್ಲ, ಆ ಗೀಟುಗಳನ್ನ. ನೀಲಿ ಕಟ್ಟಿನಲ್ಲಿ ಇನ್ನೂರ ಹದಿನಾಲ್ಕು. ಬಿಳೀದರಲ್ಲಿ ಎಷ್ಟು ಹೇಳು ನೋಡೋಣ."

ಅವಳು ಬಿಳಿ ದಾರದ ಗಂಟನ್ನೇ ನೋಡಿದಳು.

"ಮೂರು," ಎಂದರು ವಿಮೆಯವರು. "ಅದರಲ್ಲೂ ಎರಡು ಕಡೆ ಬಾಯಿ ಹಾಕಿದೋರು ತಕ್ಷಣ ಕ್ಷಮೆ ಕೇಳಿದ್ದಾರೆ."

ಕೆಳಗೆ ಕತ್ತರಿಸುವ ಯಂತ್ರ ಧಡ್ ಎಂದಿತು.

"ಅತ್ತೆಗೆ ಸೊಸೆ ಎದುರು ಮಾತಾಡೋ ಸೀನ್ ಅದು. ನನ್ನ ಹೆಂಡತಿ ಹತ್ತು ವರ್ಷದಿಂದ ಸೀರಿಯಲ್ ನೋಡೋಳು. ಇದೇನ್ರೀ ಇತ್ತೀಚೆಗೆ ಇವರ ಮನೇಲಿ ಎಲ್ಲರೂ ಸರದಿ ಪ್ರಕಾರ ಜಗಳ ಆಡ್ತಾರೆ, ನೋಡೋಕೆ ಎಷ್ಟು ಚೆನ್ನಾಗಿದೆ ಅಂದ್ಲು."

ಅವಳಿಗೆ ಒಂದು ಕ್ಷಣ ಹೆದರಿಕೆಯ ಮಧ್ಯೆಯೂ ಕೆನ್ನೆ ಬಿಸಿಯಾಯಿತು. ಚೆನ್ನಾಗಿದೆ ಅಂದಳಂತೆ. ಹೋದ ವಾರ ರೇಟಿಂಗು ಏರಿದಾಗ ಸೆಟ್ಟಿನಲ್ಲಿ ಮ್ಯಾನೇಜರು ಲಡ್ಡು ಹಂಚುವವರಂತೆ ತಿರುಗುತ್ತ, "ಮೇಷ್ಟ್ರು ಮುನಿಸಿಕೊಂಡಷ್ಟೂ ಚೆನ್ನಾಗಿ ಬರೀತಾರೆ ಕಣ್ರೀ," ಎಂದಿದ್ದರು. ಆ ದಿನ ಅವಳು ಬಸ್ಸಿನಲ್ಲಿ ಕಿಟಕಿಯ ಕಡೆ ಮುಖ ತಿರುಗಿಸಿಕೊಂಡು ನಕ್ಕಿದ್ದಳು. ಅದನ್ನೂ ಡೈರಿಯಲ್ಲಿ ಬರೆದಿದ್ದಳು.

"ವಯಸ್ಸಾಯ್ತಲ್ಲ ಸರ್," ಎಂದಳು. "ಬರೆಯೋ ರೀತಿ ಬದಲಾಗಿರಬಹುದು."

"ಇರಬಹುದು. ಒಂದೇ ಸಂಜೇಲಿ ಬದಲಾಗಿರಬಹುದು." ವಿಮೆಯವರು ಕೊನೆಗೂ ಕುರ್ಚಿ ಎಳೆದು ಕೂತರು. "ಇನ್ನೊಂದು ಕೇಳ್ತೀನಿ. ಮೇಷ್ಟ್ರು ಬೆಳಗಿನ ಜಾವ ಬಂದು ಹಾಕಿ ಹೋಗ್ತಾರೆ ಅಂತ ಎಲ್ಲರೂ ಹೇಳ್ತಾರೆ. ಅದಕ್ಕೆ ನಿನ್ನೆ ನಾನು ಎದುರುಗಡೆ ಮೊಗಸಾಲೇಲಿ ಐದು ಗಂಟೆಗೇ ಬಂದು ಕೂತೆ. ಪೇಪರ್ ಹಾಕೋನು ಬಂದ. ಬೈಂಡಿಂಗಿನೋರು ಬಂದ್ರು. ಎಂಟೂ ಐವತ್ತಕ್ಕೆ ನೀನು ಬಂದೆ. ಒಂಬತ್ತೂವರೆಗೆ ಮ್ಯಾನೇಜರು ಬಂದು ಡಬ್ಬಿ ತೆಗೆದ್ರು. ಹನ್ನೆರಡನೇ ಕಂತು ಒಳಗಿತ್ತು. ಮೇಷ್ಟ್ರು ಮಾತ್ರ ಬಂದಿರಲಿಲ್ಲ."

"ನೀವು ಬರೋದಕ್ಕೂ ಮುಂಚೆ ಬಂದು ಹೋಗಿರಬಹುದು."

"ಇರಬಹುದು. ಅಥವಾ ಕಂತು ಹಿಂದಿನ ಸಂಜೇನೇ ಡಬ್ಬೀಲಿ ಬಿದ್ದಿರಬಹುದು. ಸಂಜೆ ಇಲ್ಲಿಂದ ಕೊನೇಲಿ ಹೋಗೋರು ಯಾರಮ್ಮಾ?"

ಅವಳು ಜರುಗಿದ್ದ ಪೆನ್ನುಗಳನ್ನು ಮತ್ತೊಮ್ಮೆ ಜೋಡಿಸಿದಳು.

"ಇವತ್ತೂ ಬಂದು ಕೂರಬೇಕಿತ್ತು. ಕೂರಲಿಲ್ಲ. ಬೆನ್ನು ಹಿಡ್ಕೊಂಡಿತ್ತು," ಎಂದು ಸೊಂಟ ನೀವಿಕೊಂಡರು. ಆಮೇಲೆ ದನಿ ತಗ್ಗಿಸಿ, ಜ್ವರ ಬಂದ ಮಗುವನ್ನು ಕೇಳುವ ಹಾಗೆ ಕೇಳಿದರು: "ನಾನು ಬಂದಾಗಿನಿಂದ ವಟವಟ ಅಂತ ಇದ್ದೀನಿ. ಒಂದು ಸಲವಾದ್ರೂ ನೀನು ನನ್ನ ಮಾತಿನ ಮಧ್ಯೆ ಬಾಯಿ ಹಾಕಿದ್ಯಾ? ಇಲ್ಲ. ಈ ಬಿಳೀ ಕಟ್ಟು ಬರೆದೋರೂ ಹಾಗೇ. ಎದುರಿನೋರು ಮುಗಿಸಲಿ ಅಂತ ಕಾಯೋರು. ಯಾರಮ್ಮಾ ಅವರು?"

ಹೇಳಿಬಿಡು ಎಂದಿತು ಒಳಗೊಂದು ದನಿ. ಹೇಳಿದರೆ ಏನಾಗುತ್ತದೆ ಎಂಬುದನ್ನೂ ಅದೇ ದನಿ ಪಟ್ಟಿ ಮಾಡಿತು. ಹದಿಮೂರು ದಿನ ಯಾಕೆ ಬಾಯಿಗೆ ಬೀಗ ಹಾಕಿಕೊಂಡಿದ್ದೆ ಎಂದು ಅಕ್ಕಯ್ಯ ಕೇಳುತ್ತಾರೆ. ಮೇಷ್ಟ್ರನ್ನು ಏನು ಮಾಡಿದೆ ಎಂದು ಪೊಲೀಸರು ಕೇಳುತ್ತಾರೆ. ಅವರ ಕುರ್ಚಿಗೆ ಕಣ್ಣು ಹಾಕಿದ್ದಳು ಎಂದು ಯೂನಿಟ್ಟಿನವರು ಅನ್ನುತ್ತಾರೆ, ಮತ್ತು ಅದು ಪೂರ್ತಿ ಸುಳ್ಳೂ ಆಗಿರುವುದಿಲ್ಲ.

"ನನಗೆ ಗೊತ್ತಿಲ್ಲ ಸರ್," ಎಂದಳು.

ವಿಮೆಯವರು ತಲೆಯಾಡಿಸಿದರು. ಒಪ್ಪಿದ ಹಾಗೂ ಇರಲಿಲ್ಲ, ಬಿಟ್ಟ ಹಾಗೂ ಇರಲಿಲ್ಲ.

ಅಷ್ಟರಲ್ಲಿ ಮೆಟ್ಟಿಲ ಮೇಲೆ ಎರಡು ದನಿಗಳು ಒಟ್ಟಿಗೆ ಏರಿ ಬಂದವು.

"ನಿಮಗೆ ಸೀನ್ ಬಂದ್ರೆ ಸಾಕು. ಮನುಷ್ಯ ಬದುಕಿದಾನೋ ಇಲ್ವೋ ಅಂತ—"

"ಬದುಕಿಲ್ದೇ ಇದ್ರೆ ಸೀನ್ ಬರೀತಾರೇನ್ರೀ ಅಕ್ಕಯ್ಯ?"

"ನಿಮ್ಮ ಸೀರಿಯಲ್ ನೋಡಿದ್ರೆ ಹಾಗೂ ಅನ್ಸುತ್ತಪ್ಪ ನಂಗೆ."

ಬಾಗಿಲ ಹೊರಗೆ ಬೀಗ ಕಿರ್ರೆಂದಿತು. ತಗಡಿನ ಮುಚ್ಚಳ ಬಿದ್ದ ಸದ್ದು. ಈಗ ಮ್ಯಾನೇಜರು 'ಖಾಲಿ' ಎನ್ನುತ್ತಾರೆ. ಆಮೇಲಾದರೂ ಅವರೆಲ್ಲ ಗಾಬರಿಯಾಗುತ್ತಾರೆ, ಆಮೇಲಾದರೂ ಹುಡುಕುತ್ತಾರೆ, ತಾನು ಏನೂ ಹೇಳದೆಯೇ ಎಲ್ಲ ಸರಿಹೋಗುತ್ತದೆ.

"ಬಂದಿದೆ," ಎಂದರು ಮ್ಯಾನೇಜರು.

ಅವಳಿಗೆ ತಾನು ಕೇಳಿದ್ದು ನಂಬಲಾಗಲಿಲ್ಲ.

ಮ್ಯಾನೇಜರು ಒಳಗೆ ಬಂದರು. ದಪ್ಪ ಮನುಷ್ಯ, ಯಾವಾಗಲೂ ಓಡಿ ಬಂದವರಂತೆ ಏದುಸಿರು. ಕೈಯಲ್ಲಿ ನಾಲ್ಕು ಹಾಳೆ. "ಇವತ್ತು ಅಚ್ಚು ಮಾಡಿಲ್ಲ, ಕೈಯಲ್ಲೇ ಗೀಚಿದ್ದಾರೆ. ಕೂತಿರೋ ಕಡೆ ಕರೆಂಟು ಇಲ್ವೋ ಏನೋ. ವಿಮೆಯವರೇ, ಸಾಕ್ಷಿ ಸಾಕ್ಷಿ ಅಂತಿದ್ರಲ್ಲ, ತಗೊಳ್ಳಿ. ಮೇಷ್ಟ್ರ ಖುದ್ದು ಅಕ್ಷರ."

ಅಕ್ಕಯ್ಯ ಹಾಳೆಗಳನ್ನು ಕಿತ್ತುಕೊಂಡು ಕಿಟಕಿಯ ಬೆಳಕಿಗೆ ಹಿಡಿದರು. ಎಪ್ಪತ್ತರ ಹತ್ತಿರದ ಹೆಂಗಸು, ಬೆನ್ನು ಮಾತ್ರ ಸ್ಕೇಲಿಟ್ಟು ಗೆರೆ ಎಳೆದ ಹಾಗೆ. ಆ ಬೆನ್ನು ಈಗ ಮೆಲ್ಲಗೆ ಬಾಗಿತು.

"ಅವನದೇ," ಎಂದರು. "ಐದನೇ ಕ್ಲಾಸಿನಿಂದ ನಾನೇ ತಿದ್ದಿಸಿದ ಅಕ್ಷರ. ಎಷ್ಟು ಹೊಡೆದ್ರೂ ಸಾಲು ಮೇಲಕ್ಕೇ ಹತ್ತುತ್ತೆ ಇವನದು. ಇದು ಅವನದೇ ಕಣ್ರೀ." ಸೆರಗಿನಿಂದ ಮೂಗು ಒರೆಸಿಕೊಂಡರು. "ಬದುಕಿದಾನೆ ಕತ್ತೆ. ನನ್ನ ಹೊಟ್ಟೆ ಉರಿಸೋಕೆ ಅಂತಾನೇ ಬದುಕಿದಾನೆ."

ವಿಮೆಯವರು ಹಾಳೆಗಳನ್ನು ಕೇಳಿ ಪಡೆದು, ಬೆರಳಿಟ್ಟು ಎಣಿಸಿದರು. ಅವರ ತುಟಿ ಅಲ್ಲಾಡುತ್ತಿತ್ತು.

"ಹತ್ತೊಂಬತ್ತು," ಎಂದರು. "ನಾಲ್ಕು ಹಾಳೇಲಿ ಹತ್ತೊಂಬತ್ತು ಕಡೆ ಮಾತು ಕಿತ್ಕೊಂಡಿದ್ದಾರೆ." ಅವಳ ಕಡೆ ತಿರುಗಿ, ಮುಜುಗರದಿಂದ ಕತ್ತಿನ ಹಿಂದೆ ಕೆರೆದುಕೊಂಡರು. "ಮನಸ್ಸಿಗೆ ಬೇಜಾರು ಮಾಡ್ಕೋಬೇಡ ತಾಯಿ. ನನ್ನ ಎಣಿಕೆ ಮಣ್ಣುಪಾಲಾಯ್ತು. ಮನುಷ್ಯ ಅಂದ್ಮೇಲೆ ಒಂದು ವಾರ ಹಾಗೆ ಬರೀತಾನೆ, ಒಂದು ವಾರ ಹೀಗೆ ಬರೀತಾನೆ. ಹದಿಮೂರನೇದು ಅವರದು ಅಂದ್ರೆ ಹನ್ನೆರಡೂ ಅವರದೇ."

ಬಿಳಿ ದಾರದ ಕಟ್ಟು ಕೈಚೀಲದೊಳಗೆ ಹೋಯಿತು. ಅದರ ಹಿಂದೆ ನೀಲಿ ದಾರದ್ದೂ ಹೋಯಿತು.

ಅವಳು ಪಾರಾಗಿದ್ದಳು. ಕೇಳುವವರಿಲ್ಲ. ನಾಳೆಯಿಂದ ಮತ್ತೆ ಬರೆಯಬಹುದು. ಹಗುರಾಗಬೇಕಾಗಿದ್ದ ಎದೆ ಮಾತ್ರ ಕಲ್ಲಾಯಿತು. ಈ ಕಂತು ಹಿಂದಿನ ಹನ್ನೆರಡರ ಜೊತೆಯದಲ್ಲ ಎಂದು ಇಡೀ ಕೋಣೆಯಲ್ಲಿ ಗೊತ್ತಿದ್ದದ್ದು ಅವಳೊಬ್ಬಳಿಗೆ. ಅದೂ ಸರಿಯಾಗಿ ಅವಳು ಬರೆಯದ ದಿನವೇ ಡಬ್ಬಿಗೆ ಬಂದು ಬಿದ್ದಿತ್ತು.

"ಆದ್ರೆ ಇದೇನು ಬರೆದಿದ್ದಾರೆ ಅಂತ ಮೇಷ್ಟ್ರನ್ನೇ ಕೇಳಬೇಕು," ಎಂದು ಮ್ಯಾನೇಜರು ಗೊಣಗಿದರು. "ನಮ್ಮ ಕಥೇಲಿ ದರ್ಜಿ ಎಲ್ಲಿಂದ ಬಂದ? ಹೊಸ ಟ್ರ್ಯಾಕ್ ಏನಾದ್ರೂ ತೆಗೀತಿದಾರೋ ಏನೋ. ಅಲ್ಪವಿರಾಮ, ಬೇಗ ಟೈಪ್ ಮಾಡಿಕೊಡಮ್ಮ, ಮಧ್ಯಾಹ್ನಕ್ಕೆ ಯಾರಾದ್ರೊಬ್ಬ ಮುದುಕನ್ನ ಹುಡುಕಿ ಕೂರಿಸ್ತೀನಿ."

ಹಾಳೆಗಳು ಅವಳ ಕೈಗೆ ಬಂದವು. ಮೇಲಕ್ಕೆ ಹತ್ತುತ್ತಿದ್ದ ಸಾಲುಗಳು, ಇನ್ನೂ ನಡುಗುತ್ತಿರುವಂತೆ ಕಾಣುವ ಅಕ್ಷರಗಳು.

'ಒಳಗೆ. ಹಗಲು. ಕಿಟಕಿಗೆ ಹೊರಗಿನಿಂದ ಹಲಗೆ ಹೊಡೆದ ಕೋಣೆ. ಮುದಿ ದರ್ಜಿಯ ಕೈ ಖಾಲಿ. ಎದುರಿಗೆ ಕೂತವನ ಕೈಯಲ್ಲಿ ದರ್ಜಿಯ ಕನ್ನಡಕ.'

ಸೀನಿನ ಮೊದಲ ಸಾಲಿನಲ್ಲೇ ಯಾರ ಕೈಯಲ್ಲಿ ಏನಿದೆ ಎಂದು ಬರೆಯುವುದು ಮೇಷ್ಟ್ರ ಪದ್ಧತಿ. ಕೈಯಲ್ಲಿ ಏನೂ ಇಲ್ಲದವನಿಗೆ ಮಾತು ಕೊಡಬಾರದು, ಅವನು ಭಾಷಣ ಬಿಗಿಯುತ್ತಾನೆ ಎನ್ನುತ್ತಿದ್ದರು. ಸೌತೆಕಾಯಿ, ಚಾಕು, ಟವೆಲು, ಏನಾದರೂ ಒಂದು ಕೊಡುತ್ತಿದ್ದರು. ಮೂರು ವರ್ಷದಲ್ಲಿ ಒಬ್ಬನ ಕೈಯನ್ನೂ ಅವರು ಖಾಲಿ ಬಿಟ್ಟದ್ದನ್ನು ಅವಳು ಕಂಡಿರಲಿಲ್ಲ.

'ದರ್ಜಿ: ಹನ್ನೆರಡು ದಿನ ಆಯ್ತು. ನನ್ನ ಅಂಗಡಿಯೋರು ಹುಡುಕ್ಕೊಂಡು—

ಅವನು: ಯಾರೂ ಬರಲ್ಲ. ನಿಮ್ಮ ಅಂಗಡಿ ಬಾಗಿಲು ತೆಗೆದೇ ಇದೆ.

ದರ್ಜಿ: ನಾನಿಲ್ಲದೆ ಹೊಲಿಯೋರು ಯಾರು—

ಅವನು: ಕಾಜಾ ಹಾಕೋ ಹುಡುಗಿ. ಗುಂಡಿ ತೂತು ಹೊಲೀತಿದ್ದೋಳು ಈಗ ಇಡೀ ಕೋಟು ಹೊಲೀತಿದಾಳೆ. ಗಿರಾಕಿಗೆ ಹೊತ್ತಿಗೆ ಸರಿಯಾಗಿ ಕೋಟು ಸಿಗ್ತಿರೋವಾಗ ದರ್ಜಿ ಎಲ್ಲಿ ಅಂತ ಯಾರು ಕೇಳ್ತಾರೆ?

ದರ್ಜಿ: ಚೆನ್ನಾಗಿ ಹೊಲೀತಿದಾಳಾ?

ಅವನು: ನಿಮಗಿಂತ ಚೆನ್ನಾಗಿ.

ದರ್ಜಿ: (ನಗುತ್ತಾನೆ) ನನಗ್ಗೊತ್ತಿತ್ತು. ಆದ್ರೆ ಅವಳು ಸೂಜಿ ಕೆಳಗಿಟ್ಟ ದಿನ—

ಅವನು: ಇಡಲ್ಲ. ಕೈಗೆ ರುಚಿ ಹತ್ತಿದೆ.'

ಅಕ್ಷರಗಳು ಕಲೆಸಿಹೋದವು. ಅವಳು ಕಣ್ಣು ಮುಚ್ಚಿ ತೆರೆದಳು. ನಗುತ್ತಾನೆ ಎಂದು ಮೇಷ್ಟ್ರು ಆವರಣದಲ್ಲಿ ಬರೆದಿದ್ದ ಕಡೆ ಪೆನ್ನು ಒತ್ತಿ ಹಾಳೆ ತೂತಾಗಿತ್ತು.

ಆ ತೂತಿನ ಹಿಂದೆ ಏನೋ ಅಚ್ಚಾಗಿರುವುದು ಕಂಡಿತು. ಹಾಳೆ ತಿರುಗಿಸಿದಳು. ನಿನ್ನೆಯ ಶೂಟಿಂಗಿನ ಪಟ್ಟಿ. ಯಾರು ಎಷ್ಟು ಹೊತ್ತಿಗೆ ಬಣ್ಣ ಹಚ್ಚಿಕೊಂಡು ತಯಾರಿರಬೇಕು, ಯಾವ ಸೀನು ಮೊದಲು, ಎಲ್ಲ ಇರುವ ಪಟ್ಟಿ. ಯೂನಿಟ್ಟಿನವರಿಗೆಂದು ದಿನಕ್ಕೆ ಹತ್ತೇ ಪ್ರತಿ ತೆಗೆಯುತ್ತಾರೆ. ಮೇಷ್ಟ್ರು ಹೋಗಿ ಹದಿಮೂರು ದಿನವಾಗಿತ್ತು. ಈ ಹಾಳೆ ಹುಟ್ಟಿದ್ದು ನಿನ್ನೆ.

ಅವಳು ತಲೆ ಎತ್ತಿದಳು. ಮ್ಯಾನೇಜರು ಬಾಗಿಲಿಗೆ ಅಡ್ಡವಾಗಿ ನಿಂತು, ಡಬ್ಬಿಯ ಬೀಗದ ಕೈಯನ್ನು ಬೆರಳಲ್ಲಿ ಸುತ್ತುತ್ತ, ಅವಳನ್ನೇ ನೋಡುತ್ತಿದ್ದರು. ಸೀನಿಗಾಗಿ ಕಾಯುತ್ತಿದ್ದರೋ, ಬೇರೆ ಯಾವುದಕ್ಕೋ, ಮುಖ ನೋಡಿದರೆ ತಿಳಿಯುವಂತಿರಲಿಲ್ಲ. ಆ ಹತ್ತು ಪ್ರತಿ ತೆಗೆಯುವವರು ಅವರೇ. ಹಂಚುವವರೂ ಅವರೇ. ಆದರೆ ಹತ್ತು ಜನರ ಕೈಗೆ ಹೋಗುವ ಹಾಳೆ ಯಾರ ಕೈಯಿಂದ ಬೇಕಾದರೂ ಎಲ್ಲಿಗೆ ಬೇಕಾದರೂ ಹೋಗಬಹುದು.

"ನಡೀರಿ ವಿಮೆಯವರೇ," ಎಂದರು ಅಕ್ಕಯ್ಯ. ಹದಿಮೂರು ದಿನದಲ್ಲಿ ಮೊದಲ ಸಲ ಅವರ ಮುಖದಲ್ಲಿ ಕಳೆ ಕಾಣಿಸಿತ್ತು. "ನಿಮಗೂ ತೊಂದರೆ ಕೊಟ್ಟಿದ್ದಾಯ್ತು. ಪೊಲೀಸ್ ದೊಡ್ಡ ಸಾಹೇಬರ ಹತ್ತಿರಾನೇ ಹೋಗಿ ದೂರು ಕೊಡಬೇಕು ಅಂತಿದ್ದೆ ಇವತ್ತು. ಇನ್ನು ಅದೂ ಬೇಡ, ಇದೂ ಬೇಡ. ಕೋಪ ಇಳಿದ ಮೇಲೆ ಅವನೇ ಬರ್ತಾನೆ. ಬರಲಿ, ಕಿವಿ ಹಿಂಡ್ತೀನಿ."

"ಒಳ್ಳೇದಾಯ್ತು ಬಿಡಿ," ಎಂದು ಮ್ಯಾನೇಜರು ದಾರಿ ಬಿಟ್ಟರು.

ವಿಮೆಯವರು ಕೈಚೀಲ ಹೆಗಲಿಗೇರಿಸಿದರು. ಅಕ್ಕಯ್ಯ ಬಾಗಿಲ ಹೊರಗೆ ಕಾಲಿನಿಂದಲೇ ಚಪ್ಪಲಿ ಹುಡುಕುತ್ತಿದ್ದರು.

ಆಮೇಲೆ ವಿಮೆಯವರೊಬ್ಬರನ್ನೇ ಕಂಡು ಗುಟ್ಟಾಗಿ ಹೇಳಿದರಾಯಿತು ಎಂದುಕೊಂಡಳು. ಮ್ಯಾನೇಜರು ಇಲ್ಲದಾಗ. ಸಂಜೆ. ಇಲ್ಲವೇ ಒಂದು ಚೀಟಿ ಬರೆದು. ಬರೆಯುವುದಾದರೆ ಅವಳಿಗೆ ಸುಲಭ. ಆದರೆ ಮೊದಲ ದಿನವೂ ಆಮೇಲೆ ಎಂದೇ ಅಂದುಕೊಂಡಿದ್ದಳು. ಆ ಆಮೇಲೆ ಹದಿಮೂರು ದಿನ ಬೆಳೆದು, ಒಂದು ಕಿಟಕಿಗೆ ಹಲಗೆಯಾಗಿ ನಿಂತಿತ್ತು. ಅಷ್ಟೂ ದಿನ ಮೇಷ್ಟ್ರು ಮಾತ್ರೆಯಿಲ್ಲದೆ, ಕನ್ನಡಕವಿಲ್ಲದೆ ಕೂತಿದ್ದರು. ಅಲ್ಲಿ ಕೂತೂ ಅವಳು ಚೆನ್ನಾಗಿ ಬರೆಯುತ್ತಿದ್ದಾಳಾ ಎಂದು ಕೇಳಿದ್ದರು.

ಅಕ್ಕಯ್ಯನ ಚಪ್ಪಲಿ ಮೊದಲ ಮೆಟ್ಟಿಲ ಮೇಲೆ ಸದ್ದು ಮಾಡಿತು.

"ಅಕ್ಕಯ್ಯ, ಹೋಗಬೇಡಿ."

ಸ್ವಂತ ದನಿಯೇ ಅವಳಿಗೆ ಗುರುತು ಸಿಗಲಿಲ್ಲ, ಅಷ್ಟು ಜೋರಾಗಿತ್ತು. ಮೂವರೂ ತಿರುಗಿದರು. ಮ್ಯಾನೇಜರ ಬೆರಳಲ್ಲಿ ಸುತ್ತುತ್ತಿದ್ದ ಬೀಗದ ಕೈ ನಿಂತಿತು. ಅವಳು ಮೇಜಿನ ಅಂಚು ಹಿಡಿದುಕೊಂಡು ಎದ್ದು ನಿಂತಳು.

"ಮೇಷ್ಟ್ರು ಬರೆದದ್ದು ಇದೊಂದೇ. ಮುಂಚಿನ ಹನ್ನೆರಡೂ ನಾನು ಬರೆದೆ."